ಹುಲಿ ಯಾಕೆ ಸಾಯಬೇಕಿತ್ತು? – ನಾಚಿಕೆ, ಮುಜುಗರ, ಪಾಪಪ್ರಜ್ಞೆ: ಒಂದು ವಿವೇಚನೆ

ನಮ್ಮ ಸಂಘದ ಭಾನುವಾರದ ಕನ್ನಡ ತರಗತಿಯಲ್ಲಿ ಹತ್ತು ವರ್ಷಗಳಿಂದ ಪಾಠ ಹೇಳುತ್ತಿದ್ದೇನೆ. ಪ್ರತಿ ವರ್ಷವೂ ‘ಗೋವಿನ ಹಾಡು’ ಕಲಿಸುತ್ತೇನೆ. ಪುಣ್ಯಕೋಟಿ ಕೊಟ್ಟ ಮಾತಿಗೆ ತಪ್ಪದೆ ಹುಲಿಯ ಗವಿಗೆ ಮರಳಿ ಬರುತ್ತಾಳೆ. ಅದನ್ನು ಕಂಡ ಅರ್ಬುತ ಹುಲಿಯ ಮನಸ್ಸು ಕರಗುತ್ತದೆ. ಅವಳನ್ನು ಒಡಹುಟ್ಟಿದವಳೆಂದು ಕರೆದು, ತಿನ್ನಲಾರದೆ, ತನ್ನ ಪ್ರಾಣವನ್ನೇ ಬಿಡುತ್ತದೆ. ಇಷ್ಟು ವರ್ಷವೂ ಈ ಜಾಗಕ್ಕೆ ಬಂದಾಗ ಮಕ್ಕಳು ಸುಮ್ಮನಾಗುತ್ತಿದ್ದರು, ಒಬ್ಬಿಬ್ಬರು ಕಣ್ಣೊರೆಸಿಕೊಳ್ಳುತ್ತಿದ್ದರು. ಈ ಸಲ ಒಂಬತ್ತು ವರ್ಷದ ಹುಡುಗಿಯೊಬ್ಬಳು ಕೈ ಎತ್ತಿದಳು.

“ಅಂಕಲ್, ಹುಲಿ ಹಸೂನ ತಿನ್ನಲೇ ಇಲ್ಲ. ಸಾರಿ ಅಂದಿದ್ರೆ ಸಾಕಿತ್ತು. ಯಾಕೆ ಸಾಯಬೇಕಿತ್ತು?”

ನನಗೆ ಥಟ್ಟನೆ ಉತ್ತರ ಹೊಳೆಯಲಿಲ್ಲ. “ಹುಲಿಗೆ ತುಂಬಾ ನಾಚಿಕೆಯಾಯಿತಮ್ಮ, ಅದಕ್ಕೆ” ಎಂದೆ. ಅವಳು ಪಕ್ಕದಲ್ಲಿದ್ದ ತಮ್ಮನ ಕಡೆ ತಿರುಗಿ, ಹುಲಿ ‘ಶೈ’ ಆಯಿತಂತೆ ಎಂದು ಅರ್ಥ ಹೇಳಿದಳು. ತರಗತಿಯೆಲ್ಲ ನಕ್ಕಿತು. ನಾನೂ ನಕ್ಕೆ. ಆದರೆ ಮನೆಗೆ ಕಾರು ಓಡಿಸುವಾಗ ಆ ಪ್ರಶ್ನೆ ತಲೆಯಿಂದ ಹೋಗಲಿಲ್ಲ. ಅದಕ್ಕೆ ಬೇರೆ ಕಾರಣವೂ ಇತ್ತು. ನಾಚಿಕೆ ಒಬ್ಬ ಮನುಷ್ಯನನ್ನು ಏನು ಮಾಡಬಲ್ಲದು ಎಂಬುದನ್ನು ನಮ್ಮ ಮನೆಯಲ್ಲಿ ನಾವು ಎರಡು ಸಲ ಕಂಡಿದ್ದೇವೆ. ನಾನು ಓದಿದ್ದು ಎಂಜಿನಿಯರಿಂಗ್, ಮನಶ್ಶಾಸ್ತ್ರ ನನ್ನ ವೃತ್ತಿಯಲ್ಲ. ಆ ಎರಡು ಸಂದರ್ಭಗಳೇ ನನ್ನನ್ನು ಈ ವಿಷಯದ ಓದಿಗೆ ಹಚ್ಚಿದವು. ಓದಿ ತಿಳಿದದ್ದನ್ನೂ ಅನುಭವಿಸಿ ತಿಳಿದದ್ದನ್ನೂ ಈ ಸಂಚಿಕೆಯ ಓದುಗರೊಂದಿಗೆ ಹಂಚಿಕೊಳ್ಳುತ್ತಿದ್ದೇನೆ.

ಒಂದು ಪದ, ಹಲವು ಅರ್ಥ

ಆ ಹುಡುಗಿಯ ಅನುವಾದ ತಪ್ಪೇನೂ ಅಲ್ಲ. ಮದುಮಗಳು ನಾಚಿಕೊಂಡಳು ಎನ್ನುತ್ತೇವೆ, ಮುಟ್ಟಿದರೆ ಮುದುಡುವ ಗಿಡಕ್ಕೆ ನಾಚಿಕೆಮುಳ್ಳು ಎನ್ನುತ್ತೇವೆ. ಕಳ್ಳತನ ಮಾಡಿ ಸಿಕ್ಕಿಬಿದ್ದವನನ್ನೂ “ನಾಚಿಕೆಯಾಗುವುದಿಲ್ಲವೇ?” ಎಂದೇ ಕೇಳುತ್ತೇವೆ. ಇಂಗ್ಲಿಷಿನಲ್ಲಿ ಬೇರೆ ಬೇರೆ ಪದಗಳಿರುವ ಸಂಕೋಚ, ವಿನಯ, ಅವಮಾನ ಇವೆಲ್ಲ ನಮ್ಮಲ್ಲಿ ಒಂದೇ ಮಾತಿನ ನೆರಳಲ್ಲಿ ಕೂತಿವೆ. ‘ಮೂರೂ ಬಿಟ್ಟವರು ಊರಿಗೆ ದೊಡ್ಡವರು’ ಎಂಬ ಗಾದೆಯಲ್ಲಿ ಮಾನ, ಮರ್ಯಾದೆಗಳ ಜೊತೆಗೆ ಮೂರನೆಯದಾಗಿ ಎಣಿಸುವುದೂ ನಾಚಿಕೆಯನ್ನೇ. ಅಂದರೆ ನಾಚಿಕೆ ನಮಗೆ ಬರೀ ನೋವಲ್ಲ, ಮನುಷ್ಯನಲ್ಲಿ ಇರಲೇಬೇಕಾದ ಗುಣ.

ಮನಶ್ಶಾಸ್ತ್ರಜ್ಞರು ಈ ಭಾವಗಳನ್ನು ಮುಖ್ಯವಾಗಿ ಮೂರಾಗಿ ವಿಂಗಡಿಸುತ್ತಾರೆ. ಮೊದಲನೆಯದು ಮುಜುಗರ. ಎರಡನೆಯದು ನಾಚಿಕೆ, ಅಂದರೆ ತಲೆ ತಗ್ಗಿಸುವಂತೆ ಮಾಡುವ ನಾಚಿಕೆ. ಮೂರನೆಯದು ಇಂಗ್ಲಿಷಿನ ‘ಗಿಲ್ಟ್’. ಇದಕ್ಕೆ ನಮ್ಮ ಮನೆಮಾತಿನಲ್ಲಿ ಒಂಟಿ ಪದವಿಲ್ಲ. ಪತ್ರಿಕೆಗಳು ಪಾಪಪ್ರಜ್ಞೆ, ಅಪರಾಧಿ ಪ್ರಜ್ಞೆ ಎಂದು ಬರೆಯುತ್ತವೆ. ಮನೆಯಲ್ಲಿ “ಹಾಗೆ ಮಾಡಬಾರದಿತ್ತು ಅಂತ ಮನಸ್ಸು ಚುಚ್ಚುತ್ತೆ” ಎನ್ನುತ್ತೇವೆ. ಪದ ಸ್ವಲ್ಪ ಭಾರವಾದರೂ ಇಲ್ಲಿ ಪಾಪಪ್ರಜ್ಞೆ ಎಂದೇ ಬಳಸುತ್ತೇನೆ.

ಮುಜುಗರ: ಹಗುರವಾದದ್ದು, ಉಪಕಾರಿ

ಮೂರರಲ್ಲಿ ಮುಜುಗರ ಎಲ್ಲಕ್ಕಿಂತ ಹಗುರ. ಕೆಲವು ವರ್ಷಗಳ ಹಿಂದೆ ನಮ್ಮ ಯುಗಾದಿ ಕಾರ್ಯಕ್ರಮದ ನಿರೂಪಣೆ ಮಾಡುವಾಗ ನಾನು ಮುಖ್ಯ ಅತಿಥಿಗಳಿಗೆ “ದೀಪಾವಳಿಯ ಶುಭಾಶಯಗಳು” ಎಂದುಬಿಟ್ಟೆ. ಸಭೆಯೆಲ್ಲ ಗೊಳ್ಳೆಂದಿತು. ಕಿವಿ ಬಿಸಿಯಾಯಿತು, ನಾಲಿಗೆ ಕಚ್ಚಿಕೊಂಡೆ, ಊಟದ ಹೊತ್ತಿಗೆ ಮರೆತೆ. ಮುಜುಗರದ ಆಯುಷ್ಯ ಇಷ್ಟೇ. ಅದು ನಾಲ್ಕು ಜನರ ಎದುರು ಬರುತ್ತದೆ, ತಪ್ಪು ಸಣ್ಣದಿರುತ್ತದೆ, ಆಮೇಲೆ ನಾವೇ ಅದನ್ನು ಹೇಳಿಕೊಂಡು ನಗುತ್ತೇವೆ.

ಚಾರ್ಲ್ಸ್ ಡಾರ್ವಿನ್ 1872ರಲ್ಲಿ ಮನುಷ್ಯರ ಮತ್ತು ಪ್ರಾಣಿಗಳ ಭಾವಾಭಿವ್ಯಕ್ತಿಯ ಬಗ್ಗೆ ಬರೆದ ಪುಸ್ತಕದಲ್ಲಿ ಮುಖ ಕೆಂಪಾಗುವುದಕ್ಕೇ ಒಂದು ಅಧ್ಯಾಯ ಮೀಸಲಿಟ್ಟ. ಎಲ್ಲ ಭಾವಗಳ ಪೈಕಿ ಮನುಷ್ಯನಿಗೆ ಮಾತ್ರ ವಿಶಿಷ್ಟವಾದದ್ದು ಇದೇ ಎಂದು ಅವನ ಅಭಿಪ್ರಾಯ. ಬೇರೆಯವರು ನಮ್ಮ ಬಗ್ಗೆ ಏನೆಂದುಕೊಳ್ಳುತ್ತಾರೆ ಎಂಬ ಯೋಚನೆಯೇ ಇದಕ್ಕೆ ಮೂಲ ಎಂದು ಅವನು ವಿವರಿಸಿದ.

ಆ ಯೋಚನೆ ಬರಬೇಕಾದರೆ ಮೊದಲು ‘ನಾನು’ ಎಂಬುದೊಂದಿದೆ ಎಂದು ಗೊತ್ತಾಗಬೇಕು. ಮಗುವಿಗೆ ಇದು ಸುಮಾರು ಒಂದೂವರೆ ವರ್ಷದ ಹೊತ್ತಿಗೆ ಗೊತ್ತಾಗತೊಡಗುತ್ತದೆ. ಇದನ್ನು ಪರೀಕ್ಷಿಸುವ ಉಪಾಯ ಸರಳ. ಮಗುವಿಗೆ ತಿಳಿಯದಂತೆ ಮೂಗಿಗೆ ಸ್ವಲ್ಪ ಕೆಂಪು ಬಣ್ಣ ಹಚ್ಚಿ ಕನ್ನಡಿಯ ಮುಂದೆ ಕೂರಿಸುತ್ತಾರೆ. ತೀರಾ ಎಳೆಯ ಮಗು ಕನ್ನಡಿಯಲ್ಲಿರುವುದು ಬೇರೆ ಮಗುವೆಂದು ಆಡುತ್ತದೆ. ಸ್ವಲ್ಪ ದೊಡ್ಡದು ತನ್ನ ಮೂಗನ್ನೇ ಮುಟ್ಟಿ ನೋಡಿಕೊಳ್ಳುತ್ತದೆ. ಅಮೆರಿಕದ ಮನಶ್ಶಾಸ್ತ್ರಜ್ಞ ಮೈಕಲ್ ಲೂಯಿಸ್ ಮತ್ತು ಸಂಗಡಿಗರು 1989ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಹೀಗೆ ತಮ್ಮನ್ನು ಗುರುತಿಸಿಕೊಂಡ ಮಕ್ಕಳೇ ಅತಿಯಾಗಿ ಹೊಗಳಿದಾಗ, ಕುಣಿದು ತೋರಿಸು ಎಂದಾಗ ಹೆಚ್ಚಾಗಿ ಮುಜುಗರ ತೋರಿಸಿದರು. “ಮಾಮನಿಗೆ ಒಂದು ಡ್ಯಾನ್ಸ್ ಮಾಡಿ ತೋರಿಸು ಪುಟ್ಟಿ” ಎಂದಾಗ ಮಗು ಅಮ್ಮನ ಸೆರಗಿನ ಹಿಂದೆ ಅಡಗಿದರೆ ಬೇಸರಪಡಬೇಡಿ. ಅದರ ಬುದ್ಧಿ ಬೆಳೆಯುತ್ತಿದೆ.

ದೊಡ್ಡವರಿಗೆ ಸಮಾಧಾನ ಕೊಡುವ ಇನ್ನೆರಡು ಸಂಗತಿಗಳಿವೆ. ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ವಿದ್ಯಾರ್ಥಿಗಳಿಗೆ ಆ ಕಾಲದ ಹುಡುಗರು ಹಾಕಿಕೊಳ್ಳಲು ಹಿಂಜರಿಯುವಂಥ, ಗಾಯಕನೊಬ್ಬನ ಚಿತ್ರವಿದ್ದ ಟೀ ಶರ್ಟ್ ತೊಡಿಸಿ, ಇತರರು ಕೂತಿದ್ದ ಕೋಣೆಯೊಳಗೆ ಕಳಿಸಿದರು. ಸುಮಾರು ಅರ್ಧದಷ್ಟು ಜನ ಅದನ್ನು ಗಮನಿಸಿರುತ್ತಾರೆ ಎಂದು ತೊಟ್ಟವರು ಅಂದಾಜು ಮಾಡಿದರು. ನಿಜವಾಗಿ ಗಮನಿಸಿದ್ದು ಸುಮಾರು ಕಾಲು ಭಾಗ. 2000ದಲ್ಲಿ ಪ್ರಕಟವಾದ ಈ ಪ್ರಯೋಗ ಹೇಳುವುದಿಷ್ಟು: ‘ಎಲ್ಲರೂ ನೋಡಿಬಿಟ್ಟರು’ ಎಂದು ನಾವು ಅಂದುಕೊಳ್ಳುವಷ್ಟು ಜನ ನಮ್ಮನ್ನು ನೋಡುತ್ತಿರುವುದಿಲ್ಲ. ಎರಡನೆಯದಾಗಿ, ಬರ್ಕ್‌ಲಿಯ ಸಂಶೋಧಕರು 2012ರಲ್ಲಿ ತೋರಿಸಿದಂತೆ, ಮುಜುಗರಪಡುವವರನ್ನು ಜನ ಹೆಚ್ಚು ನಂಬುತ್ತಾರೆ. ‘ನನಗೆ ನಿಮ್ಮ ಕಟ್ಟುಪಾಡು ಗೊತ್ತು, ತಪ್ಪಿತು, ಕ್ಷಮಿಸಿ’ ಎಂದು ಕೆಂಪಾದ ಮುಖವೇ ಹೇಳುತ್ತದೆ.

‘ಹೀಗಿರದಿದ್ದರೆ’ ಮತ್ತು ‘ಹಾಗೆ ಮಾಡದಿದ್ದರೆ’

ನಾಚಿಕೆ ಮತ್ತು ಪಾಪಪ್ರಜ್ಞೆಯ ನಡುವಿನ ವ್ಯತ್ಯಾಸವೇ ಈ ಲೇಖನದ ಮುಖ್ಯ ವಿಷಯ. ನಾಚಿಕೆ ಜನರ ಎದುರು ಆಗುವುದು, ಪಾಪಪ್ರಜ್ಞೆ ಒಳಗೊಳಗೇ ಕೊರೆಯುವುದು ಎಂದು ನಾನೂ ಬಹಳ ಕಾಲ ತಿಳಿದಿದ್ದೆ. ಜೂನ್ ಟ್ಯಾಂಗ್ನಿ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞೆ ಮತ್ತು ಸಹೋದ್ಯೋಗಿಗಳು ಜನರಿಂದ ಅವರವರ ಅನುಭವಗಳನ್ನೇ ಬರೆಸಿ ನೋಡಿದಾಗ ಇದು ಸುಳ್ಳಾಯಿತು. ಎರಡೂ ಹೆಚ್ಚಾಗಿ ಇತರರ ಎದುರೇ ಹುಟ್ಟುತ್ತವೆ. ಒಬ್ಬರೇ ಇರುವಾಗಲೂ ನಾಚಿಕೆ ಕಾಡುತ್ತದೆ.

ನಿಜವಾದ ವ್ಯತ್ಯಾಸವನ್ನು 1971ರಲ್ಲಿ ಹೆಲೆನ್ ಬ್ಲಾಕ್ ಲೂಯಿಸ್ ಎಂಬ ಮನೋವಿಶ್ಲೇಷಕಿ ಗುರುತಿಸಿದರು. ಪಾಪಪ್ರಜ್ಞೆಯಲ್ಲಿ ಮನಸ್ಸಿನ ಬೆರಳು ಮಾಡಿದ ಕೆಲಸದ ಕಡೆ ತೋರಿಸುತ್ತದೆ. ನಾಚಿಕೆಯಲ್ಲಿ ಮಾಡಿದವನ ಕಡೆ. ‘ನಾನು ತಪ್ಪು ಮಾಡಿದೆ’ ಎನ್ನುವುದು ಒಂದು. ‘ನಾನೇ ತಪ್ಪು’ ಎನ್ನುವುದು ಇನ್ನೊಂದು. 1994ರ ಒಂದು ಅಧ್ಯಯನ ಇದನ್ನು ಬಹಳ ಚೆನ್ನಾಗಿ ತೋರಿಸಿತು. ತಪ್ಪೊಂದನ್ನು ನೆನೆದು ‘ಏನು ಬೇರೆಯಾಗಿದ್ದಿದ್ದರೆ ಹೀಗಾಗುತ್ತಿರಲಿಲ್ಲ?’ ಎಂದು ಕೇಳಿದಾಗ, ಪಾಪಪ್ರಜ್ಞೆಯಲ್ಲಿರುವವರು ‘ನಾನು ಹಾಗೆ ಮಾಡದಿದ್ದರೆ’ ಎಂದು ಯೋಚಿಸುವುದು ಹೆಚ್ಚು. ನಾಚಿಕೆಯಲ್ಲಿರುವವರು ‘ನಾನು ಇಂಥವನಾಗಿರದಿದ್ದರೆ’ ಎನ್ನುವುದು ಹೆಚ್ಚು.

ಮಾಡಿದ್ದನ್ನು ಸರಿಪಡಿಸಬಹುದು. ಆದ್ದರಿಂದ ಪಾಪಪ್ರಜ್ಞೆಯುಳ್ಳವನು ಕ್ಷಮೆ ಕೇಳುತ್ತಾನೆ, ಮುರಿದದ್ದನ್ನು ಜೋಡಿಸಲು ನೋಡುತ್ತಾನೆ, ನೊಂದವರ ಬಳಿಗೆ ಹೋಗುತ್ತಾನೆ. ತಾನೇ ತಪ್ಪು ಎಂದುಕೊಂಡವನು ಏನು ಸರಿಪಡಿಸಿಯಾನು? ಅವನಿಗೆ ಉಳಿಯುವ ದಾರಿ ಮರೆಯಾಗುವುದು. ‘ಭೂಮಿ ಬಾಯಿ ಬಿಡಬಾರದೆ’, ‘ಮುಖ ತೋರಿಸುವ ಹಾಗಿಲ್ಲ’ ಎಂಬ ನಮ್ಮ ಮಾತುಗಳನ್ನೇ ನೋಡಿ. ಎಲ್ಲವೂ ಅಡಗುವ ಮಾತುಗಳೇ.

ಅರ್ಬುತನ ಕಥೆ ನನಗೆ ಬೇರೆಯಾಗಿ ಕಾಣತೊಡಗಿದ್ದು ಇಲ್ಲಿಂದ. ಆ ಹುಡುಗಿ ಹೇಳಿದ್ದು ಸರಿ, ಹುಲಿ ಹಸುವನ್ನು ತಿಂದಿರಲಿಲ್ಲ. ಹಸಿದ ಹುಲಿ ಹಸುವನ್ನು ಅಡ್ಡಗಟ್ಟಿತು, ಅಷ್ಟೇ. ಅದು ಹುಲಿಯ ಸ್ವಭಾವ. ಪುಣ್ಯಕೋಟಿಯ ಸತ್ಯದ ಮುಂದೆ ಅದಕ್ಕೆ ಸಹಿಸಲಾಗದೆ ಹೋದದ್ದು ತಾನು ಮಾಡಿದ ಕೆಲಸವಲ್ಲ, ತಾನು ಹುಲಿಯಾಗಿರುವುದು. ಅದನ್ನು ತಿದ್ದಿಕೊಳ್ಳಲು ದಾರಿಯೇ ಇಲ್ಲ ಎಂದು ಅದು ತಿಳಿಯಿತು.

ಇಪ್ಪತ್ತಮೂರು ದಿನದ ಊಟದ ಡಬ್ಬಿ

2009ರ ಮಾರ್ಚ್‌ನಲ್ಲಿ ನನ್ನ ಕೆಲಸ ಹೋಯಿತು. ಆ ವರ್ಷ ಅಮೆರಿಕದಲ್ಲಿ ಲಕ್ಷಾಂತರ ಜನರದ್ದು ಹೋಗಿತ್ತು. ನಮಗೆ ಗ್ರೀನ್ ಕಾರ್ಡ್ ಬಂದಿತ್ತು, ದೇಶ ಬಿಡಬೇಕಾದ ಭಯವಿರಲಿಲ್ಲ. ಕೆಲವು ತಿಂಗಳಿಗೆ ಸಾಕಾಗುವಷ್ಟು ಉಳಿತಾಯವಿತ್ತು. ಹೆದರಲು ದೊಡ್ಡ ಕಾರಣವಿರಲಿಲ್ಲ. ಆದರೂ ನಾನು ಮನೆಯಲ್ಲಿ ಹೇಳಲಿಲ್ಲ. ಮರುದಿನ ಬೆಳಗ್ಗೆ ಎಂದಿನಂತೆ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಹೆಂಡತಿ ಕಟ್ಟಿಕೊಟ್ಟ ಡಬ್ಬಿ ಹಿಡಿದು, ಎಂಟು ಗಂಟೆಗೆ ಹೊರಟೆ. ಹೋದದ್ದು ಪಕ್ಕದ ಊರಿನ ಗ್ರಂಥಾಲಯಕ್ಕೆ. ನಮ್ಮ ಊರಿನದಕ್ಕೆ ಹೋದರೆ ಯಾರಾದರೂ ಕನ್ನಡದವರು ಸಿಕ್ಕಾರು ಎಂಬ ಅಳುಕು. ಕೆಲಸಕ್ಕೆ ಅರ್ಜಿ ಹಾಕುತ್ತ, ಮಧ್ಯಾಹ್ನ ಕಾರಿನಲ್ಲಿ ಕೂತು ಚಿತ್ರಾನ್ನವೋ ಚಪಾತಿಯೋ ತಿನ್ನುತ್ತ ಇಪ್ಪತ್ತಮೂರು ದಿನ ಕಳೆದೆ.

ಆ ದಿನಗಳಲ್ಲಿ ತಲೆಯಲ್ಲಿ ಓಡುತ್ತಿದ್ದ ಮಾತು ‘ಆ ಪ್ರಾಜೆಕ್ಟನ್ನು ಬೇರೆ ರೀತಿ ಮಾಡಬೇಕಿತ್ತು’ ಎಂದಲ್ಲ. ‘ತಿಪಟೂರಿನ ಮೇಷ್ಟ್ರ ಮಗ, ಊರಿಗೆಲ್ಲ ಹೆಸರಾದವನು, ಕೊನೆಗೆ ಇಷ್ಟೇ’ ಎಂಬುದು. ವಾರಕ್ಕೊಮ್ಮೆ ಊರಿಗೆ ಫೋನ್ ಮಾಡಿದಾಗ “ಕೆಲಸ ಹೇಗಿದೆಯಪ್ಪ?” ಎಂದು ಅಪ್ಪ ಕೇಳಿದರೆ “ಚೆನ್ನಾಗಿದೆ” ಎನ್ನುತ್ತಿದ್ದೆ.

ಒಂದು ದಿನ ಶಾಲೆಯಲ್ಲಿ ಮಗನಿಗೆ ಜ್ವರ ಬಂತು. ನನ್ನ ಮೊಬೈಲ್ ಗ್ರಂಥಾಲಯದಲ್ಲಿ ಸದ್ದಿಲ್ಲದೆ ಬಿದ್ದಿತ್ತು. ಹೆಂಡತಿ ಕಚೇರಿಗೆ ಫೋನ್ ಮಾಡಿದಳು. ಆ ಹೆಸರಿನವರು ಇಲ್ಲಿ ಈಗ ಇಲ್ಲ ಎಂದರಂತೆ. ಆ ರಾತ್ರಿ ಅವಳು ಅತ್ತದ್ದು ಕೆಲಸ ಹೋದದ್ದಕ್ಕಲ್ಲ. “ಕೆಲಸ ಇವತ್ತು ಹೋಗುತ್ತೆ, ನಾಳೆ ಬರುತ್ತೆ. ಇಪ್ಪತ್ತಮೂರು ದಿನ ನಾನು ಡಬ್ಬಿ ಕಟ್ಟಿದೆನಲ್ಲ ರೀ. ಒಂದು ದಿನವಾದರೂ ನಿಮಗೆ ಹೇಳಬೇಕು ಅನ್ನಿಸಲಿಲ್ಲವಾ?” ಎಂದಳು. ಅಲ್ಲಿಯವರೆಗೆ ನನ್ನಿಂದ ಯಾವ ತಪ್ಪೂ ಆಗಿರಲಿಲ್ಲ ಎನ್ನಬಹುದು. ಕೆಲಸ ಕಳೆದುಕೊಳ್ಳುವುದು ಅಪರಾಧವಲ್ಲ. ಮುಚ್ಚಿಟ್ಟದ್ದು ಮಾತ್ರ ನಿಜವಾದ ತಪ್ಪು. ಇಲ್ಲದ ತಪ್ಪಿಗೆ ನಾಚಿ, ಇರುವ ತಪ್ಪೊಂದನ್ನು ಮಾಡಿದ್ದೆ.

“ಅದೊಂದೇ ಅಪ್ಪ ಆಗ್ತಿರೋದು”

ಹತ್ತು ವರ್ಷದ ನಂತರದ ಮಾತು ಇದು. ಮಗನ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. 2019ರಲ್ಲಿ ಅವನು ಕಾಲೇಜಿನ ಎರಡನೆಯ ವರ್ಷದಲ್ಲಿದ್ದ. ಎರಡು ವಿಷಯಗಳಲ್ಲಿ ಹಿಂದೆ ಬಿದ್ದ. ಮೊದಲು ಒಂದು ತರಗತಿ ತಪ್ಪಿಸಿದ, ಮುಂದಿನ ವಾರ ಅಧ್ಯಾಪಕರಿಗೆ ಮುಖ ತೋರಿಸಲು ಸಂಕೋಚವಾಗಿ ಇನ್ನೊಂದು ತಪ್ಪಿಸಿದ, ಕೊನೆಗೆ ಹೋಗುವುದನ್ನೇ ಬಿಟ್ಟ. ಪ್ರತಿ ಭಾನುವಾರ ಫೋನಿನಲ್ಲಿ “ಎಲ್ಲಾ ಚೆನ್ನಾಗಿದೆ” ಎನ್ನುತ್ತಿದ್ದ. ಚಳಿಗಾಲದ ರಜಕ್ಕೆ ಮನೆಗೆ ಬಂದಾಗ ವಿಷಯ ತಿಳಿಯಿತು. ನನ್ನ ಬಾಯಿಂದ ಮೊದಲು ಬಂದ ಮಾತು, “ನಾಚಿಕೆ ಆಗಲ್ವೇನೋ ನಿಂಗೆ?”

ಅವನು ತಲೆ ತಗ್ಗಿಸಿಯೇ ಹೇಳಿದ: “ಅದೊಂದೇ ಅಪ್ಪ ಆಗ್ತಿರೋದು.”

ಹೆಂಡತಿ ನನ್ನ ಕಡೆ ನೋಡಿದಳು. ಏನೂ ಹೇಳಲಿಲ್ಲ. ಹೇಳಬೇಕಾಗಿಯೂ ಇರಲಿಲ್ಲ.

ನಾಚಿಕೆ ಕಡಿಮೆಯಾದದ್ದರಿಂದ ಅವನು ಹಾಗೆ ಮಾಡಿದ ಎಂದು ನಾನು ತಿಳಿದಿದ್ದೆ. ನಿಜವೆಂದರೆ ಅವನು ಅದರಲ್ಲೇ ಮುಳುಗಿದ್ದ. ಮುಳುಗುತ್ತಿರುವವನ ಮೇಲೆ ನಾನು ಇನ್ನೊಂದು ಬಿಂದಿಗೆ ನೀರು ಸುರಿದಿದ್ದೆ. ‘ನೀವು ಬೈಯುತ್ತೀರಿ ಅಂತ ಹೆದರಿಕೆ ಇರಲಿಲ್ಲ, ನಿಮ್ಮ ಮುಖ ನೋಡೋದು ಹೇಗೆ ಅಂತ ಗೊತ್ತಾಗಲಿಲ್ಲ’ ಎಂದು ಆಮೇಲೆ ಹೇಳಿದ.

ನಾಚಿಕೆ ಅಡಗಿಸುವುದಷ್ಟೇ ಅಲ್ಲ, ಸಿಟ್ಟಾಗಿಯೂ ತಿರುಗುತ್ತದೆ. ನಾಚಿಕೆಯ ಸ್ವಭಾವ ಹೆಚ್ಚಿರುವವರಲ್ಲಿ ಕೋಪ ಮತ್ತು ಪರರನ್ನು ದೂರುವ ಗುಣವೂ ಹೆಚ್ಚಾಗಿ ಕಾಣುತ್ತದೆ ಎಂದು ಟ್ಯಾಂಗ್ನಿ ತಂಡ 1992ರಲ್ಲಿ ವರದಿ ಮಾಡಿತು. ‘ನಾನೇ ಕೆಟ್ಟವನು’ ಎಂಬ ಭಾರವನ್ನು ಹೊರಲಾರದೆ ಮನಸ್ಸು ಅದನ್ನು ಎದುರಿಗಿರುವವರ ತಲೆಗೆ ಕಟ್ಟುತ್ತದೆ. ನಾನು ಗ್ರಂಥಾಲಯಕ್ಕೆ ಹೋಗುತ್ತಿದ್ದ ದಿನಗಳಲ್ಲಿ ಸಂಜೆ ಮನೆಗೆ ಬಂದು ಸಾರಿಗೆ ಉಪ್ಪು ಕಡಿಮೆ ಎಂದು ರೇಗಾಡಿದ್ದು ಈಗ ಅರ್ಥವಾಗುತ್ತದೆ.

ಅದೇ ತಂಡ ಸೆರೆಮನೆಯಲ್ಲಿದ್ದ 470ಕ್ಕೂ ಹೆಚ್ಚು ಜನರನ್ನು ಅಭ್ಯಸಿಸಿ, ಬಿಡುಗಡೆಯಾದ ಒಂದು ವರ್ಷದ ನಂತರ ಅವರು ಮತ್ತೆ ಅಪರಾಧ ಮಾಡಿದರೇ ಎಂದು ನೋಡಿತು. 2014ರಲ್ಲಿ ಪ್ರಕಟವಾದ ಫಲಿತಾಂಶ ಹೀಗಿದೆ. ಪಾಪಪ್ರಜ್ಞೆಯ ಸ್ವಭಾವ ಹೆಚ್ಚಿದ್ದವರು ಮತ್ತೆ ತಪ್ಪು ದಾರಿ ಹಿಡಿದದ್ದು ಕಡಿಮೆ. ನಾಚಿಕೆಯದು ಮಾತ್ರ ಎರಡು ದಾರಿ. ನಾಚಿಕೆಯಿಂದ ಬೇರೆಯವರನ್ನು ದೂಷಿಸುವ ಕಡೆ ಹೊರಳಿದವರಲ್ಲಿ ಅಪರಾಧ ಹೆಚ್ಚಿತು. ಹಾಗೆ ದೂಷಿಸದವರಲ್ಲಿ ನಾಚಿಕೆಯೂ ಸ್ವಲ್ಪ ಮಟ್ಟಿಗೆ ತಡೆಯಾಯಿತು. ನಾಚಿಕೆಯನ್ನು ಪೂರ್ತಿ ಕೆಟ್ಟದ್ದೆಂದು ತಳ್ಳಿಹಾಕುವಂತಿಲ್ಲ ಎಂದಾಯಿತು.

ನಮ್ಮ ನಾಚಿಕೆ, ಇವರ ‘ಶೇಮ್’

ಇಲ್ಲಿ ಒಂದು ಎಚ್ಚರಿಕೆ ಬೇಕು. ಮೇಲೆ ಹೇಳಿದ ಸಂಶೋಧನೆಯೆಲ್ಲ ಬಹುಪಾಲು ಅಮೆರಿಕದಲ್ಲಿ, ಇಂಗ್ಲಿಷ್ ಪದಗಳನ್ನಿಟ್ಟುಕೊಂಡು ಆದದ್ದು. 1946ರಲ್ಲಿ ರೂತ್ ಬೆನೆಡಿಕ್ಟ್ ಎಂಬ ಮಾನವಶಾಸ್ತ್ರಜ್ಞೆ ಜಪಾನಿನ ಬಗ್ಗೆ ಪುಸ್ತಕ ಬರೆದು, ಕೆಲವು ಸಮಾಜಗಳು ನಾಚಿಕೆಯ ಮೇಲೆ ನಿಂತಿವೆ, ಪಶ್ಚಿಮದವು ಪಾಪಪ್ರಜ್ಞೆಯ ಮೇಲೆ ನಿಂತಿವೆ ಎಂಬ ವಿಂಗಡಣೆಯನ್ನು ಜನಪ್ರಿಯಗೊಳಿಸಿದರು. ಅವರು ಜಪಾನಿಗೆ ಹೋಗಿರಲೇ ಇಲ್ಲ. ಯುದ್ಧಕಾಲವಾದ್ದರಿಂದ ಅಮೆರಿಕದಲ್ಲಿದ್ದ ಜಪಾನಿಯರನ್ನು ಮಾತಾಡಿಸಿ, ಪುಸ್ತಕ, ಸಿನಿಮಾಗಳನ್ನು ನೋಡಿ ಬರೆದರು. ಎರಡೂ ಭಾವಗಳು ಎಲ್ಲ ಕಡೆಯೂ ಇವೆ. ಯಾವುದಕ್ಕೆ ಎಷ್ಟು ಬೆಲೆ ಎನ್ನುವುದಷ್ಟೇ ಬೇರೆಯಾಗುತ್ತದೆ.

ನಮಗೆ ಹತ್ತಿರವಾದದ್ದು ಒಡಿಶಾದಲ್ಲಿ ನಡೆದ ಕೆಲಸ. ಉಷಾ ಮೆನನ್ ಮತ್ತು ರಿಚರ್ಡ್ ಶ್ವೇಡರ್ ಎಂಬ ವಿದ್ವಾಂಸರು ಭುವನೇಶ್ವರದಲ್ಲಿ ಕಾಳಿಯ ಚಿತ್ರವನ್ನು ತೋರಿಸಿ ನಾಲಿಗೆ ಯಾಕೆ ಹೊರಗಿದೆ ಎಂದು ಕೇಳಿದರು. ಶಿವನನ್ನು ತುಳಿದೆನೆಂದು ತಿಳಿದಾಗ ಲಜ್ಜೆಯಿಂದ ನಾಲಿಗೆ ಕಚ್ಚಿಕೊಂಡಳು ಎಂದು ಅನೇಕರು ವಿವರಿಸಿದರು. ನಾಲಿಗೆ ಕಚ್ಚಿಕೊಳ್ಳುವುದು ಕನ್ನಡಿಗರಿಗೂ ಗೊತ್ತಿರುವ ಸನ್ನೆಯೇ. ಅದಕ್ಕಿಂತ ಕುತೂಹಲಕರವಾದದ್ದು ಇನ್ನೊಂದು ಪ್ರಶ್ನೆ. ಸಂತೋಷ, ಕೋಪ, ಲಜ್ಜೆ – ಈ ಮೂರರಲ್ಲಿ ಗುಂಪಿಗೆ ಸೇರದ್ದು ಯಾವುದು? ಅಮೆರಿಕದವರು ಸಂತೋಷವನ್ನು ಬೇರೆಯಿಟ್ಟರು, ಉಳಿದೆರಡೂ ಕೆಟ್ಟವು ಎಂದು. ಒಡಿಯಾ ಜನ ಕೋಪವನ್ನು ಬೇರೆಯಿಟ್ಟರು. ಕೋಪ ಒಡೆಯುತ್ತದೆ, ಲಜ್ಜೆಯೂ ಸಂತೋಷವೂ ಜನರನ್ನು ಕೂಡಿಸುತ್ತವೆ ಎಂಬುದು ಅವರ ತರ್ಕ. ನಮ್ಮ ಅಜ್ಜಿಯನ್ನು ಕೇಳಿದ್ದರೆ ಅವರೂ ಇದೇ ಉತ್ತರ ಕೊಡುತ್ತಿದ್ದರೇನೋ. ಹಿರಿಯರ ಎದುರು ತಗ್ಗಿ ನಡೆಯುವುದು, ಪಂಕ್ತಿಯಲ್ಲಿ ಎಲ್ಲರಿಗೂ ಬಡಿಸುವ ಮೊದಲು ತಾನು ಕೈ ಹಾಕದಿರುವುದು, ಹೆಚ್ಚು ಕೊಚ್ಚಿಕೊಳ್ಳದಿರುವುದು, ಇವೆಲ್ಲ ನಾಚಿಕೆಯ ಒಳ್ಳೆಯ ಮುಖ.

ಇದೇ ನಾಚಿಕೆ ಮಾನದ ಹೆಸರಿನಲ್ಲಿ ಹೆಣ್ಣುಮಕ್ಕಳ ಬಾಯಿ ಮುಚ್ಚಿಸಿದ್ದೂ ನಿಜ. ಹಿಂಸೆಗೆ ಒಳಗಾದವಳೇ ತಲೆ ತಗ್ಗಿಸಿ ನಡೆದ, ಮಾಡಿದವನು ಮೀಸೆ ತಿರುವಿದ ಉದಾಹರಣೆಗಳು ಊರಲ್ಲೂ ಇವೆ, ಇಲ್ಲಿನ ನಮ್ಮ ಮನೆಗಳಲ್ಲೂ ಇವೆ. ತಪ್ಪೇ ಇಲ್ಲದ ಕಡೆ ನಾಚಿಕೆ ಹೊರಿಸುವುದು ಅದರ ಅತಿ ಕೆಟ್ಟ ಬಳಕೆ.

ಇನ್ನು ಇಲ್ಲಿ ಬೆಳೆದ ಮಕ್ಕಳ ಕಷ್ಟವನ್ನು ನೋಡಿ. “ನಾಚಿಕೆ ಇರಬೇಕು ಕಣೋ” ಎಂದು ನಾವು ಹೇಳಿದಾಗ ನಮ್ಮ ಕಿವಿಯಲ್ಲಿ ಅಜ್ಜಿಯ ಅರ್ಥವಿರುತ್ತದೆ. ಅವರ ಕಿವಿಗೆ ಅದು ಇಂಗ್ಲಿಷಿನ ‘ಶೇಮ್’ ಆಗಿ ಬೀಳುತ್ತದೆ, ‘ನೀನು ಕೆಟ್ಟವನು’ ಎಂದು. ಊರಿನಲ್ಲಿ ಅಪ್ಪ ಬೈದರೆ ಅಜ್ಜಿಯ ಮಡಿಲಿತ್ತು, ಸೋದರಮಾವನ ಮನೆಯಿತ್ತು. ನಾಚಿದವನನ್ನು ಮತ್ತೆ ಒಳಗೆ ಕರೆದುಕೊಳ್ಳಲು ಯಾರಾದರೂ ಇದ್ದೇ ಇರುತ್ತಿದ್ದರು. ಇಲ್ಲಿ ಬೈಯುವವರೂ ಇಬ್ಬರೇ, ಸಮಾಧಾನ ಮಾಡುವವರೂ ಅದೇ ಇಬ್ಬರು. ಆಸ್ಟ್ರೇಲಿಯಾದ ಅಪರಾಧಶಾಸ್ತ್ರಜ್ಞ ಜಾನ್ ಬ್ರೇತ್‌ವೇಟ್ 1989ರಲ್ಲಿ ಹೇಳಿದ್ದೂ ಇದನ್ನೇ. ತಪ್ಪಿತಸ್ಥನಿಗೆ ನಾಚಿಕೆಯಾಗುವಂತೆ ಮಾಡಿ ಮತ್ತೆ ಗುಂಪಿಗೆ ಸೇರಿಸಿಕೊಂಡರೆ ಅವನು ತಿದ್ದಿಕೊಳ್ಳುತ್ತಾನೆ. ಹಣೆಪಟ್ಟಿ ಕಟ್ಟಿ ಹೊರಗಿಟ್ಟರೆ ಹೊರಗಿನವನೇ ಆಗಿಬಿಡುತ್ತಾನೆ.

ಮನೆಯಲ್ಲಿ ನಾವು ಮಾಡಬಹುದಾದದ್ದು

ಬೈಯದೆ ಮಕ್ಕಳನ್ನು ಬೆಳೆಸಿ ಎಂದು ನಾನು ಹೇಳುತ್ತಿಲ್ಲ. ಬೈಗುಳ ಕೆಲಸದ ಮೇಲೆ ಬೀಳಲಿ, ಮಗುವಿನ ಮೇಲೆ ಬೇಡ. “ಸುಳ್ಳುಗಾರ ನೀನು” ಎನ್ನುವುದಕ್ಕೂ “ಇದು ಸುಳ್ಳು, ನನಗೆ ನೋವಾಯಿತು, ಈಗ ಏನು ಮಾಡೋಣ?” ಎನ್ನುವುದಕ್ಕೂ ಬಹಳ ಅಂತರವಿದೆ. ಮನಶ್ಶಾಸ್ತ್ರಜ್ಞರಾದ ಮೆಲಿಸಾ ಕಾಮಿನ್ಸ್ ಮತ್ತು ಕ್ಯಾರಲ್ ಡ್ವೆಕ್ ಶಿಶುವಿಹಾರದ ಮಕ್ಕಳೊಂದಿಗೆ ನಡೆಸಿ 1999ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಮಗುವನ್ನೇ ಟೀಕಿಸಿದಾಗ ಅದು ಮುಂದಿನ ಸೋಲಿಗೆ ಬೇಗ ಕೈಚೆಲ್ಲಿತು. ಬೇರೆ ರೀತಿ ಮಾಡಬಹುದೇ ಯೋಚಿಸು ಎಂದಾಗ ಮತ್ತೆ ಪ್ರಯತ್ನಿಸಿತು.

ಹೊಗಳಿಕೆಗೂ ಇದು ಅನ್ವಯ. ಡ್ವೆಕ್ ಮತ್ತು ಕ್ಲಾಡಿಯಾ ಮುಲ್ಲರ್ ಅವರ 1998ರ ಅಧ್ಯಯನದಲ್ಲಿ ‘ನೀನು ಜಾಣ’ ಎಂದು ಹೊಗಳಿಸಿಕೊಂಡ ಐದನೆಯ ತರಗತಿಯ ಮಕ್ಕಳು ಆಮೇಲೆ ಕಷ್ಟದ ಲೆಕ್ಕಗಳಲ್ಲಿ ಸೋತರು. ಬಂದ ಅಂಕಗಳನ್ನು ಗುರುತಿಲ್ಲದ ಇನ್ನೊಂದು ಮಗುವಿಗೆ ಬರೆದು ತಿಳಿಸುವಾಗ ಅವರಲ್ಲಿ ಮೂರರಲ್ಲೊಂದು ಭಾಗಕ್ಕಿಂತ ಹೆಚ್ಚು ಮಕ್ಕಳು ಸುಳ್ಳು ಬರೆದರು. ‘ಚೆನ್ನಾಗಿ ಕಷ್ಟಪಟ್ಟೆ’ ಎಂದು ಹೊಗಳಿಸಿಕೊಂಡವರಲ್ಲಿ ಹಾಗೆ ಮಾಡಿದವರು ಅದಕ್ಕಿಂತ ತೀರಾ ಕಡಿಮೆ. ನಾನು ಮಗನನ್ನು ಹುಟ್ಟಿದಾಗಿನಿಂದ ಜಾಣ, ಜಾಣ ಎಂದೇ ಕರೆದಿದ್ದೆ. ಸೋತಾಗ ಅವನು ಕಳೆದುಕೊಳ್ಳಬೇಕಾಗಿದ್ದದ್ದು ಅಂಕವಲ್ಲ, ಆ ಹೆಸರು.

ಸರಿಪಡಿಸುವ ದಾರಿ ನಮ್ಮ ಸಂಪ್ರದಾಯದಲ್ಲಿ ಇಲ್ಲದೇ ಇಲ್ಲ. ಹರಕೆ ತಪ್ಪಿದರೆ, ನಡವಳಿಕೆಯಲ್ಲಿ ಲೋಪವಾದರೆ ದೇವರಿಗೆ ತಪ್ಪುಕಾಣಿಕೆ ಎತ್ತಿಡುತ್ತಾರೆ. ನಮ್ಮಮ್ಮ ಅರಿಶಿನದ ಬಟ್ಟೆಯಲ್ಲಿ ನಾಣ್ಯ ಕಟ್ಟಿ ದೇವರ ಗೂಡಿನಲ್ಲಿಟ್ಟು, ಊರಿನ ಜಾತ್ರೆಗೆ ಹೋದಾಗ ಹುಂಡಿಗೆ ಹಾಕಿ ಬರುತ್ತಿದ್ದರು. ಹಾಕಿದ ಮೇಲೆ ಅದರ ಮಾತು ಮುಗಿಯಿತು. ತಪ್ಪಿಗೆ ಒಂದು ಅಳತೆ ಇತ್ತು, ತೀರಿಸುವ ಬಗೆಯಿತ್ತು, ಕೊನೆಯಿತ್ತು. ಮಾತಿನಲ್ಲಿಯೂ “ತಪ್ಪಾಯ್ತು” ಎನ್ನುವಾಗ ನಾವು ಹೇಳುವುದು ಆದ ಕೆಲಸದ ಬಗ್ಗೆ. ಮಗ ಒಮ್ಮೆ ನನ್ನನ್ನು ಕೆಣಕಿದ: “ಅಪ್ಪ, ತಪ್ಪಾಯ್ತು ಅಂದ್ರೆ ತಾನಾಗೇ ಆದಂಗಿದೆ. ತಪ್ಪು ಮಾಡಿದೆ ಅನ್ನಬೇಕು.” ಅವನ ಮಾತು ಸರಿ. ‘ಮಾಡಿದೆ’ ಎಂಬಲ್ಲಿ ಹೊಣೆಯೂ ಇದೆ, ಮಾಡಿದ್ದನ್ನು ಬೇರೆ ರೀತಿ ಮಾಡುವ ಅವಕಾಶವೂ ಇದೆ.

ಆ ಚಳಿಗಾಲದಲ್ಲಿ ನಾನು ನನ್ನ ಇಪ್ಪತ್ತಮೂರು ದಿನಗಳ ಕಥೆಯನ್ನು ಮಗನಿಗೆ ಮೊದಲ ಸಲ ಪೂರ್ತಿಯಾಗಿ ಹೇಳಿದೆ. ಅವನಿಗೆ ಜ್ವರದ ದಿನ ಮಾತ್ರ ನೆನಪಿತ್ತು. ಮರುದಿನ ಅವನೇ ಕೂತು ಕಾಲೇಜಿನ ಸಲಹೆಗಾರರಿಗೆ ಇಮೇಲ್ ಬರೆದ. ಒಂದು ಸೆಮಿಸ್ಟರ್ ತಡವಾಗಿ ಪದವಿ ಮುಗಿಸಿದ. ಅಷ್ಟು ತಡವಾದದ್ದನ್ನು ಯಾವ ಪಾಟ್‌ಲಕ್ಕಿನಲ್ಲೂ ಯಾರೂ ಕೇಳಲಿಲ್ಲ.

ಎಲ್ಲರ ಕಥೆಯೂ ಹೀಗೆ ಮುಗಿಯುವುದಿಲ್ಲ. ಹುಲಿಯ ಹಾಗೆ ‘ನಾನು ಇಲ್ಲದಿರುವುದೇ ವಾಸಿ’ ಎಂಬ ಮಾತು ಮನೆಯಲ್ಲಿ ಯಾರ ಬಾಯಲ್ಲಾದರೂ, ತಮಾಷೆಗೆಂಬಂತೆ ಬಂದರೂ, ಕೂರಿಸಿಕೊಂಡು ನೇರವಾಗಿ ಕೇಳಿ. ಅಮೆರಿಕದಲ್ಲಿ 988ಕ್ಕೆ ಕರೆ ಮಾಡಬಹುದು, ಮೆಸೇಜನ್ನೂ ಕಳಿಸಬಹುದು. ಆಪ್ತಸಲಹೆಗಾರರ ಬಳಿ ಹೋಗುವುದು ಮರ್ಯಾದೆ ಹೋಗುವ ಕೆಲಸವಲ್ಲ.

ಮತ್ತೆ ತರಗತಿಗೆ

ಮುಂದಿನ ಭಾನುವಾರ ನಾನು ಮಕ್ಕಳಿಗೆ ಹೇಳಿದೆ: “ಹೋದ ವಾರ ನನ್ನ ಉತ್ತರ ಸರಿಯಿರಲಿಲ್ಲ. ಹುಲಿಗೆ ತಾನು ಪೂರ್ತಿ ಕೆಟ್ಟವನು, ಒಳ್ಳೆಯವನಾಗಲು ಆಗುವುದೇ ಇಲ್ಲ ಅನ್ನಿಸಿತು. ಅದಕ್ಕೆ ಹಾಗೆ ಮಾಡಿತು. ಅದು ಬೇರೆ ಏನು ಮಾಡಬಹುದಿತ್ತು, ನೀವು ಹೇಳಿ.”

ಕೈಗಳು ಎದ್ದವು. ಹುಲ್ಲು ತಿನ್ನುವುದನ್ನು ಕಲಿಯಬಹುದಿತ್ತು ಎಂದ ಒಬ್ಬ. ಹುಲಿ ಹುಲ್ಲು ತಿನ್ನಲ್ಲ, ಬೇರೆ ಕಾಡಿಗೆ ಹೋಗಬಹುದಿತ್ತು ಎಂದಳು ಇನ್ನೊಬ್ಬಳು. ಗೊಲ್ಲ ಕಾಳಿಂಗನಿಗೆ ಹೇಳಿ ಹಸುಗಳನ್ನು ಕಾಯುವ ಕೆಲಸಕ್ಕೆ ಸೇರಬಹುದಿತ್ತು ಎಂಬ ಮಾತಿಗೆ ಎಲ್ಲರೂ ನಕ್ಕರು. ಪ್ರಶ್ನೆ ಕೇಳಿದ್ದ ಹುಡುಗಿ ಕೊನೆಯಲ್ಲಿ ಹೇಳಿದಳು.

“ಕರು ಕಾಯ್ತಾ ಇತ್ತಲ್ಲ ಅಂಕಲ್. ಹಸೂನ ಮನೆ ತನಕ ಬಿಟ್ಟು ಬರಬಹುದ್ದಿತ್ತು.”

ಹಾಡನ್ನು ನಾವು ಬದಲಾಯಿಸಲಿಲ್ಲ. ಹಿರಿಯರು ಕಟ್ಟಿದಂತೆಯೇ ಮತ್ತೊಮ್ಮೆ ಮೊದಲಿನಿಂದ ಕೊನೆಯವರೆಗೆ ಹಾಡಿದೆವು. ಮುಂದಿನ ವರ್ಷವೂ ಹಾಗೆಯೇ ಹಾಡುತ್ತೇವೆ. ಹಾಡು ಮುಗಿದ ಮೇಲೆ ಆ ಪ್ರಶ್ನೆಯನ್ನು ಈ ಸಲ ನಾನೇ ಕೇಳುತ್ತೇನೆ.